ಸಮಾನಾಂತರ ಲೋಕಗಳ ಓಲೆಗರಿ ಗ್ರಂಥವನ್ನು ಕಲ್ಪಿಸುವ ಬಗೆ

ಸಮಾನಾಂತರ ವಿಶ್ವಗಳನ್ನು ಪಟ್ಟಿಮಾಡಿದ ಪ್ರಾಚೀನ ಗ್ರಂಥವೊಂದನ್ನು ತಮ್ಮ ಕಥೆಯೊಳಗೆ ತರಲು ಹೊರಟವರು ಸಾಮಾನ್ಯವಾಗಿ ಗುಹೆಯಿಂದಲೋ ಹೊಳೆಯುವ ಅಕ್ಷರಗಳಿಂದಲೋ ಆರಂಭಿಸುತ್ತಾರೆ. ಮೈಸೂರಿನಲ್ಲಿ ಕುಳಿತು ಬರೆಯುವವರಿಗೆ ಅದರ ಅಗತ್ಯವಿಲ್ಲ. 1891ರಲ್ಲಿ ಓರಿಯೆಂಟಲ್ ಲೈಬ್ರರಿಯಾಗಿ ಆರಂಭವಾಗಿ ಈಗ ಪ್ರಾಚ್ಯವಿದ್ಯಾ ಸಂಶೋಧನಾಲಯವೆನಿಸಿರುವ ಇಲ್ಲಿನ ಸಂಸ್ಥೆಗೆ ತಂಜಾವೂರು ಕಡೆಯ ಪಂಡಿತರೊಬ್ಬರು ತಂದುಕೊಟ್ಟ ಓಲೆಗರಿಗಳಲ್ಲಿಯೇ ಆರ್. ಶಾಮಶಾಸ್ತ್ರಿಗಳು 1905ರಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿ, 1909ರಲ್ಲಿ ಅಚ್ಚುಮಾಡಿಸಿದರು. ನಿಮ್ಮ ಗ್ರಂಥವೂ ಹಾಗೆಯೇ, ಯಾರೋ ಒಪ್ಪಿಸಿ ಹೋದ ಹೆಸರಿಲ್ಲದ ಕಟ್ಟಾಗಿ ದೊರೆಯಲಿ. ನಾನು ನನ್ನ ಕಥೆಗಾಗಿ ಕಟ್ಟಿಕೊಂಡ ‘ಲೋಕಭೇದದರ್ಪಣ’ವನ್ನೇ ಮುಂದೆ ಉದಾಹರಣೆಯಾಗಿ ಬಳಸುತ್ತೇನೆ.

ಬೇರೆ ಲೋಕವೆಂದರೇನು ಎಂಬುದನ್ನು ಗ್ರಂಥಕರ್ತನ ತಿಳಿವಳಿಕೆಯಿಂದಲೇ ನಿರ್ಣಯಿಸಿಕೊಳ್ಳಬೇಕು. ಪುರಾಣಗಳ ಹದಿನಾಲ್ಕು ಲೋಕಗಳು ಇದಕ್ಕೆ ಒದಗುವುದಿಲ್ಲ. ಅವು ಒಂದೇ ಬ್ರಹ್ಮಾಂಡದೊಳಗೆ ಮಹಡಿಗಳಂತೆ ಮೇಲೆ ಕೆಳಗೆ ಜೋಡಿಸಿದವು. ಯೋಗವಾಸಿಷ್ಠದ ಲೀಲೋಪಾಖ್ಯಾನದಲ್ಲಿ ಬರುವ, ಒಂದರೊಳಗೊಂದು ಅಡಗಿದ ಜಗತ್ತುಗಳು ನಮಗೆ ಹತ್ತಿರದವು. ಹ್ಯೂ ಎವೆರೆಟ್ 1957ರಲ್ಲಿ ಮಂಡಿಸಿದ, ಇಂದು ‘ಬಹುಲೋಕ’ ವಾದವೆಂದು ಹೆಸರಾದ ಭೌತವಿಜ್ಞಾನದ ವಾದ ಓದುಗರ ಮನಸ್ಸಿಗೆ ತಾನಾಗಿಯೇ ಬರುತ್ತದೆಯಾದ್ದರಿಂದ ಅದನ್ನು ಗರಿಯ ಮೇಲೆ ತುರುಕಬಾರದು. ನನಗೆ ಎಲ್ಲಕ್ಕಿಂತ ಒಪ್ಪಿಗೆಯಾದದ್ದು ಗ್ರಂಥಸಂಪಾದಕರ ಮಾತಾದ ‘ಪಾಠಾಂತರ’. ಒಂದೇ ಕಾವ್ಯದ ಎರಡು ಪ್ರತಿಗಳಲ್ಲಿ ಒಂದು ಪದ ಬೇರೆಯಾಗಿರುವಂತೆ ಒಂದೇ ಸೃಷ್ಟಿಯ ಎರಡು ಲೋಕಗಳಲ್ಲಿ ಒಂದು ಸಂಗತಿ ಬೇರೆಯಾಗಿದೆ ಎಂದು ನಂಬಿದ ಲಿಪಿಕಾರನು ಲೋಕಗಳನ್ನು ಪಟ್ಟಿಮಾಡುವ ಬಗೆಯೂ, ಅದರಲ್ಲಿ ಅವನು ತಪ್ಪುವ ಬಗೆಯೂ ಈ ಒಂದು ನಂಬಿಕೆಯಿಂದ ಹುಟ್ಟುತ್ತವೆ.

ಅನಂತರ ಗಾತ್ರ. ಗರಿಗೆ ಎರಡು ಮಗ್ಗುಲು, ಮಗ್ಗುಲಿಗೆ 8 ಸಾಲು, ಸಾಲಿಗೆ ಸುಮಾರು 45 ಅಕ್ಷರ ಎಂದಿಟ್ಟುಕೊಂಡರೆ 36 ಗರಿಗಳಲ್ಲಿ 25,920 ಅಕ್ಷರಗಳಾಗುತ್ತವೆ. ಲಿಪಿಕಾರರು 32 ಅಕ್ಷರಗಳನ್ನು ಒಂದು ‘ಗ್ರಂಥ’ವೆಂದು ಎಣಿಸುತ್ತಿದ್ದರಾದ್ದರಿಂದ ಇದು 810 ಗ್ರಂಥ, ಲೋಕಕ್ಕೆ ಹತ್ತರಂತೆ ಹಂಚಿದರೆ 81 ಲೋಕಗಳು. ಲೆಕ್ಕವಿಲ್ಲದಷ್ಟು ಲೋಕಗಳನ್ನು ವರ್ಣಿಸುವ ಗ್ರಂಥವನ್ನು ಯಾರೂ ನಂಬುವುದಿಲ್ಲ, ಏಕೆಂದರೆ ಕಬ್ಬಿಣದ ಕಂಟದಿಂದ ಕೊರೆದು, ಮಸಿ ತೀಡಿ ಒರೆಸುವ ಕೆಲಸ ಅಷ್ಟು ಅಗ್ಗದ್ದಲ್ಲ. (ಹಳೆಯ ಗರಿಗಳನ್ನು ಕೊಂಡು ಅವುಗಳ ಮೇಲೆ ಪ್ರಯೋಗ ಮಾಡುವ ಆಸೆ ಬಂದರೆ ದಯವಿಟ್ಟು ಬಿಟ್ಟುಬಿಡಿ, ಕಾಗದದ ಪಟ್ಟಿಗಳು ಸಾಕು.)

ಕಾಲವನ್ನು ಅಂಕಿಯಲ್ಲಿ ಬರೆಯದೆ ಭೂತಸಂಖ್ಯೆಯಲ್ಲಿ, ಅಂದರೆ ಅಂಕಿಗೆ ಬದಲಾಗಿ ವಸ್ತುವಿನ ಹೆಸರಿಡುವ ಕ್ರಮದಲ್ಲಿ, ಬರೆಯಿರಿ. ‘ನಯನ ವೇದ ಬಾಣ ಚಂದ್ರ’ ಎಂದರೆ 2, 4, 5, 1. ಬಲದಿಂದ ಎಡಕ್ಕೆ ಓದಿದರೆ ಶಕ 1542. ಅದಕ್ಕೆ 78 ಕೂಡಿಸಿದರೆ ಕ್ರಿ.ಶ. 1620, ಸಂವತ್ಸರ ರೌದ್ರಿ. ತಿಥಿ ವಾರಗಳನ್ನು ಹಾಕುವ ಮೊದಲು ಪಂಚಾಂಗ ಬಲ್ಲವರನ್ನು ಕೇಳಿ, ಇಲ್ಲವಾದರೆ ಆ ಜಾಗದಲ್ಲಿ ಗರಿಗೆ ಹುಳು ಬಿಡಿಸಿ.

ನಾನು ಈ ವರ್ಷವನ್ನು ಆರಿಸಿಕೊಂಡದ್ದಕ್ಕೆ ಕಾರಣವಿದೆ. ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡದ್ದು 1610ರಲ್ಲಿ; ಅಲ್ಲಿದ್ದ ವಿಜಯನಗರದ ಪ್ರತಿನಿಧಿಯ ಪತ್ನಿ ಅಲಮೇಲಮ್ಮನ ಶಾಪದ ಐತಿಹ್ಯ ಅಂಟಿಕೊಂಡಿರುವುದು ಆ ಘಟನೆಗೆ. ‘ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ’ ಎಂಬ ಮಾತು ಹತ್ತು ವರ್ಷಗಳ ಅನಂತರ ಕಾವೇರಿಯ ದಂಡೆಯವನಾದ ನನ್ನ ಲಿಪಿಕಾರನ ಕಿವಿಯಲ್ಲಿ ಇನ್ನೂ ಹಸಿಯಾಗಿಯೇ ಇರುತ್ತದೆ. ಆದ್ದರಿಂದ ಅವನ ಒಂದು ನಮೂದು ಹೀಗಿದೆ: ‘ಇಪ್ಪತ್ತೊಂದನೆಯ ಲೋಕದೊಳ್ ಆ ಮಾತನಾರೂ ಆಡಿದುದಿಲ್ಲ. ತಲಕಾಡ ಗುಡಿಯ ಬಾಗಿಲು ತೆರೆದಿಹುದು, ಮಾಲಂಗಿಯೊಳ್ ಎತ್ತು ನಿಂತು ನೀರ್ಗುಡಿವುದು. ಉಳಿದುದೆಲ್ಲಮೀ ಲೋಕದಂತೆ.’ ಪ್ರತಿ ನಮೂದಿನಲ್ಲಿಯೂ ಬದಲಾವಣೆ ಒಂದೇ ಇರಲಿ, ಅದರ ಪರಿಣಾಮ ಕಣ್ಣಿಗೆ ಕಾಣುವಂತಿರಲಿ, ಕೊನೆಯ ವಾಕ್ಯ ಎಲ್ಲ ನಮೂದುಗಳಿಗೂ ಅದೇ ಆಗಿರಲಿ. 1799ರ ಯುದ್ಧವಾಗಲಿ, 1911ರಲ್ಲಿ ಕೆಲಸ ಆರಂಭವಾದ ಕನ್ನಂಬಾಡಿ ಕಟ್ಟೆಯಾಗಲಿ ಅವನಿಗೆ ತಿಳಿಯಕೂಡದು. ಭವಿಷ್ಯ ನುಡಿಸಿದೊಡನೆ ಗ್ರಂಥ ಕಾಲಜ್ಞಾನವಾಗಿಬಿಡುತ್ತದೆ.

ಲಿಪಿಯ ವಿಷಯದಲ್ಲಿ ಸ್ವಲ್ಪ ನಿಧಾನಿಸಬೇಕು, ಏಕೆಂದರೆ ಕಥೆಯ ಗಂಟು ಇರುವುದು ಇಲ್ಲಿ. ಹಳೆಯ ಕನ್ನಡ ಹಸ್ತಪ್ರತಿಗಳಲ್ಲಿ ಪದಗಳ ನಡುವೆ ತೆರಪಿಲ್ಲ, ಎ ಏ ಮತ್ತು ಒ ಓ ಗಳ ಹ್ರಸ್ವ ದೀರ್ಘಗಳನ್ನು ಗುರುತಿಸುವ ವಾಡಿಕೆಯೂ ಇರಲಿಲ್ಲ. ಶಕಟರೇಫವನ್ನು (ಹಳಗನ್ನಡದ ‘ಱ’ ಅಕ್ಷರವನ್ನು) ಬಿಟ್ಟು ಸಾದಾ ರಕಾರವನ್ನೇ ಬರೆಯುವ ಲಿಪಿಕಾರನ ಗರಿಯಲ್ಲಿ ‘ಬೇರೆ’ ಮತ್ತು ‘ಬೆರೆ’ ಎರಡೂ ಒಂದೇ ರೂಪದಲ್ಲಿರುತ್ತವೆ. ‘ಲೋಕಂಗಳ್ ಬೇರೆ’ ಎಂದು ಓದಿದ, ನನ್ನ ಕಥೆಯ ಪಂಡಿತರಿಗೆ ಅದೊಂದು ನಿರೂಪಣೆ. ‘ಲೋಕಂಗಳ್ ಬೆರೆ’ ಎಂದು ಓದಿದ ವಿದ್ಯಾರ್ಥಿನಿಗೆ ಅದು ಲೋಕಗಳನ್ನೇ ಉದ್ದೇಶಿಸಿದ ಆಜ್ಞೆ. ವ್ಯಾಕರಣ ಬಲ್ಲ ಓದುಗರು ಅಲ್ಲಿ ‘ಬೆರೆಯಿಂ’ ಎಂದಿರಬೇಕಲ್ಲವೇ ಎಂದು ಕೇಳಬಹುದು. ಆ ಆಕ್ಷೇಪವನ್ನು ಪಂಡಿತರ ಬಾಯಲ್ಲಿಯೇ ಹಾಕಿ, ಉತ್ತರಕ್ಕೆ ಗರಿಯ ಅಂಚು ಮುರಿದಿರಲಿ.

ಕೊನೆಯ ಗರಿಯಲ್ಲಿ ಲಿಪಿಕಾರರ ರೂಢಿಯ ಶ್ಲೋಕವನ್ನು ಬರೆಯಿಸಿ: ‘ಯಾದೃಶಂ ಪುಸ್ತಕಂ ದೃಷ್ಟಂ ತಾದೃಶಂ ಲಿಖಿತಂ ಮಯಾ’. ಕಂಡಂತೆ ಬರೆದಿದ್ದೇನೆ, ತಪ್ಪು ಒಪ್ಪುಗಳ ದೋಷ ನನ್ನದಲ್ಲ ಎಂಬ ಈ ಸವಕಲು ಮಾತು ಇಂಥ ಗ್ರಂಥದ ತುದಿಯಲ್ಲಿ ಬಂದಾಗ, ಅವನು ಕಂಡದ್ದು ಎಲ್ಲಿಯ ಪ್ರತಿಯನ್ನು ಎಂಬ ಪ್ರಶ್ನೆ ತಾನಾಗಿಯೇ ಏಳುತ್ತದೆ. ಅದರ ಎಡಬದಿಯಲ್ಲಿ ಗರಿಯ ಸಂಖ್ಯೆ 35 ಎಂದಿರಲಿ. ಆದರೆ ದಾರ ಬಿಚ್ಚಿ ಎಣಿಸಿದರೆ ಗರಿಗಳು 36, ಏಕೆಂದರೆ 9 ಎಂಬ ಸಂಖ್ಯೆಯ ಗರಿಗಳು ಎರಡಿವೆ. ಒಂದೇ ಕೈಬರಹ, ಒಂದೇ ಇಪ್ಪತ್ತೊಂದನೆಯ ಲೋಕ, ಎರಡನೆಯದರಲ್ಲಿ ಮಾತ್ರ ಮಾಲಂಗಿಯಲ್ಲಿ ಎತ್ತಿಲ್ಲ. ಯಾವುದು ಮೊದಲು ಬರೆದದ್ದೆಂದು ನಿಮ್ಮ ಕಥೆಯ ಸಂಪಾದಕರು ಅಡಿಟಿಪ್ಪಣಿಯಲ್ಲಿಯೂ ಹೇಳದಿರಲಿ.