ಸರದಿಯೇ ಬಾರದ ಲಾರಿ

ಸಿಂಧನೂರಿನ ಒಂದು ರೈಸ್ ಮಿಲ್‌ಗೆ ವೇಬ್ರಿಡ್ಜ್ ಟೋಕನ್ ಪ್ರೋಗ್ರಾಂ ಬರೆದುಕೊಟ್ಟಿದ್ದೆ. ಸುಗ್ಗಿಯಲ್ಲಿ ದೂರು ಶುರುವಾಯಿತು: ಒಂದೊಂದು ಭತ್ತದ ಲಾರಿಗೆ ಸರದಿಯೇ ಬರುತ್ತಿಲ್ಲ. ಎಷ್ಟು ಟೆಸ್ಟ್ ಮಾಡಿದರೂ ನನ್ನ ಕಣ್ಣಿಗೆ ಎಲ್ಲ ಸರಿ.

ಕೊನೆಗೆ ಕಂಪ್ಯೂಟರ್ ವಿಜ್ಞಾನಿ ಲೆಸ್ಲಿ ಲ್ಯಾಂಪೋರ್ಟ್ ಅವರ ಟಿಎಲ್‌ಎ ಪ್ಲಸ್ ಹಿಡಿದೆ; ಪ್ರೋಗ್ರಾಂ ಹೇಗೆ ನಡೆಯಬೇಕು ಎಂದು ಗಣಿತದ ನಿಯಮಗಳಲ್ಲಿ ಬರೆಯುವ ಭಾಷೆ ಅದು. ಎರಡು ನಿಯಮ ಬರೆದೆ. 'ಯಾವಾಗಲೂ': ಒಂದು ಟೋಕನ್ ಇಬ್ಬರಿಗೆ ಸಿಗಬಾರದು. 'ಎಂದಾದರೂ': ಕಾಯುವ ಲಾರಿಯ ತೂಕ ಆಗಲೇಬೇಕು. 'ಯಾವಾಗಲೂ', 'ಎಂದಾದರೂ' ಎಂದು ಕಾಲದ ಲೆಕ್ಕದಲ್ಲಿ ಹೇಳುವ ಈ ತರ್ಕವನ್ನು ಪ್ರೋಗ್ರಾಂಗಳಿಗೆ 1977ರಲ್ಲಿ ತಂದವರು ಕಂಪ್ಯೂಟರ್ ವಿಜ್ಞಾನಿ ಅಮೀರ್ ಪ್ನುಯೇಲಿ.

ಮಾದರಿಯಲ್ಲಿ ಆಗಬಹುದಾದ ಎಲ್ಲ ಸ್ಥಿತಿಗಳನ್ನೂ ಹುಡುಕಿ ನಿಯಮ ಮುರಿಯುತ್ತದಾ ಎಂದು ನೋಡುವ ಅದರ ಟೂಲ್ ಟಿಎಲ್‌ಸಿ ಮೊದಲು ಹೇಳಿದ್ದು ನೋಡಿ ನಗು ಬಂತು: ಯಾರೂ ಏನೂ ಮಾಡದೆ ಸುಮ್ನೆ ಕೂತರೆ ತೂಕ ಆಗೋದಿಲ್ಲ! ನಿಜ ಅಲ್ವಾ? ತೂಗುವ ಅವಕಾಶ ಮತ್ತೆ ಮತ್ತೆ ಬರುತ್ತಿದ್ದರೆ ಯಾವುದಾದರೂ ಒಂದು ಲಾರಿಯನ್ನು ತೂಗಲೇಬೇಕು ಎಂಬ ಫೇರ್‌ನೆಸ್ ಷರತ್ತು ಸೇರಿಸಿದೆ. ಆಗ ಅಸಲಿ ತಪ್ಪು ಸಿಕ್ಕಿತು, ಅದೂ ಮೂರೇ ಲಾರಿಯ ಮಾದರಿಯಲ್ಲಿ. ಕರೆಂಟ್ ಹೋಗಿ ಬಂದಾಗ ನನ್ನ ಪ್ರೋಗ್ರಾಂ ಸಾಲಿನ ಮೊದಲ ಲಾರಿಯನ್ನು ಕೊನೆಗೆ ತಳ್ಳುತ್ತಿತ್ತು. ಉಳಿದೆರಡು ತೂಗಿಸಿಕೊಂಡು ಹೋಗಿ ಮತ್ತೆ ಸಾಲಿಗೆ ಬರುತ್ತವೆ, ಇದರ ಸರದಿಗೆ ಮತ್ತೆ ಕರೆಂಟ್ ಕಟ್. ಅದೇ ಸುತ್ತು, ಮುಗಿಯೋದೇ ಇಲ್ಲ. ನಮ್ಮ ಕಡೆಯ ಕರೆಂಟ್ ಗೊತ್ತಿದ್ದೂ ಇದು ಹೊಳೆಯಲಿಲ್ಲ.

ಟೋಕನ್ ನಂಬರನ್ನು ಡಿಸ್ಕ್‌ನಲ್ಲೇ ಬರೆದಿಟ್ಟು, ಚಿಕ್ಕ ನಂಬರಿಗೆ ಮೊದಲ ಸರದಿ ಎಂದು ಬದಲಾಯಿಸಿದೆ. ಎರಡೂ ನಿಯಮ ಪಾಸಾದವು. ಮೂರು ಸಾಲು ಕೋಡ್‌ಗೆ ಎರಡು ವಾರ!