ದಿನಗೂಲಿಯಿಂದ ಖಾಯಂ: ಲಾಗ್ ಬುಕ್ ಹಿಡ್ಕೊಂಡು ಹೈಕೋರ್ಟಿಗೆ ಹೋದ ನನ್ನ ಅನುಭವ

ಕೊಡಗಿನ ಒಂದು ಸ್ಥಳೀಯ ಸಂಸ್ಥೆಲಿ ನಾನು ಪಂಪ್ ಆಪರೇಟರ್. ಹೊಳೆ ಬದಿಯ ಜಾಕ್‌ವೆಲ್‌ನಿಂದ (ಹೊಳೆ ನೀರು ತುಂಬ್ಕೊಳ್ಳೋ ಬಾವಿ) ಟ್ಯಾಂಕಿಗೆ ನೀರು ಹತ್ತಿಸೋದು, ವಾರ್ಡ್ ಪ್ರಕಾರ ವಾಲ್ವ್ ಬಿಡೋದು. 1994ರಲ್ಲಿ ದಿನಗೂಲಿಗೆ ಸೇರಿದ್ದು, ಈಗ ಖಾಯಂ ಆಗಿದೆ, ಕೋರ್ಟ್ ಆದೇಶದಿಂದ. ವಿರಾಜಪೇಟೆ, ಕುಶಾಲನಗರ ಕಡೆಯಿಂದ ಸುಮಾರು ಜನ ಕೇಳ್ತಾ ಇರ್ತಾರೆ ಹೇಗಾಯ್ತು ಅಂತ, ಅದಕ್ಕೆ ಬರೀತಿದ್ದೀನಿ.

ಮೊದ್ಲು ಒಂದು ವಿಷ್ಯ ತಲೇಲಿ ಇಟ್ಕೊಳ್ಳಿ, ವರ್ಷಕ್ಕೆ 240 ದಿನ ದುಡಿದ್ರೆ ಖಾಯಂ ಮಾಡ್ಲೇಬೇಕು ಅಂತ ಎಲ್ಲರೂ ಹೇಳ್ತಾರೆ, ಹಾಗಿಲ್ಲ. ಆ 240 ಬಂದಿದ್ದು ಹಳೇ ಕೈಗಾರಿಕಾ ವಿವಾದ ಕಾಯ್ದೆಯಿಂದ, ನೋಟಿಸು ಪರಿಹಾರ ಕೊಡದೆ ಕೆಲಸದಿಂದ ತೆಗೀಬಾರ್ದು ಅನ್ನೋದಕ್ಕೆ. ಖಾಯಂ ಕೇಳೋಕೆ ದಾರಿ ಇರೋದು ಉಮಾದೇವಿ ತೀರ್ಪಲ್ಲಿ, ನಮ್ಮ ಕರ್ನಾಟಕದ್ದೇ ಕೇಸು, 2006 ಏಪ್ರಿಲ್ 10, ಸುಪ್ರೀಂ ಕೋರ್ಟಿನ ಐದು ಜಡ್ಜ್‌ಗಳ ಪೀಠ. ಹಿಂಬಾಗಿಲ ನೇಮಕಾತಿ ಸಕ್ರಮ ಮಾಡ್ಬಾರ್ದು ಅಂತ್ಲೇ ಆ ತೀರ್ಪು ಹೇಳೋದು, ಆದ್ರೆ 53ನೇ ಪ್ಯಾರಾದಲ್ಲಿ ಒಂದು ಕಿಂಡಿ ಉಂಟು: ಮಂಜೂರಾದ ಖಾಲಿ ಹುದ್ದೆ ಇರ್ಬೇಕು, ಆ ಕೆಲಸಕ್ಕೆ ಬೇಕಾದ ಅರ್ಹತೆ ಇರ್ಬೇಕು, ಕೋರ್ಟಿನ ತಡೆಯಾಜ್ಞೆ ಬಲದಿಂದಲ್ಲದೆ ಹತ್ತು ವರ್ಷ ಅಥವಾ ಜಾಸ್ತಿ ದುಡಿದಿರ್ಬೇಕು, ಅಂಥವರನ್ನ ಒಂದು ಸಲಕ್ಕೆ ಸಕ್ರಮ ಮಾಡಿ ಅಂತ.

ಈ ಪ್ಯಾರಾ ಹಿಡ್ಕೊಂಡು ನಾನು ಮನವಿ ಕೊಟ್ಟೆ, ಹಿಂಬರಹ (ಕಚೇರಿಯ ಲಿಖಿತ ಉತ್ತರ) ಬಂತು, ಆಗಲ್ಲ ಅನ್ನೋಕೆ ಎರಡು ಕಾರಣ: ಒಂದು ಸಲದ ಪ್ರಕ್ರಿಯೆ ಮುಗಿದಿದೆ, ಮತ್ತೆ ನಿಮ್ಮ ಸೇವೆ ನಿರಂತರ ಅಂತ ದಾಖಲೆ ಇಲ್ಲ ಅಂತ. ಅದನ್ನ ಪ್ರಶ್ನಿಸಿ ಹೈಕೋರ್ಟಿಗೆ ಹೋದ್ವಿ. ಮೊದಲನೇದಕ್ಕೆ ಉತ್ತರ ವಕೀಲರ ಹತ್ರ ರೆಡಿ ಇತ್ತು, 2010ರ ಎಂ.ಎಲ್. ಕೇಸರಿ ತೀರ್ಪು, ಅದೂ ಕರ್ನಾಟಕದ್ದೇ, ಅರ್ಹರಲ್ಲಿ ಯಾರನ್ನಾದ್ರೂ ಪರಿಗಣಿಸದೆ ಬಿಟ್ಟಿದ್ರೆ ಆ ಪ್ರಕ್ರಿಯೆ ಮುಗಿದಂಗೆ ಅಲ್ಲ ಅಂತ ಹೇಳಿರೋದು. ಎರಡನೇದಕ್ಕೆ ಮಾತ್ರ ನಾನೇ ಓಡಾಡ್ಬೇಕಾಯ್ತು.

ಎನ್‌ಎಂಆರ್ ಹಾಳೆ (ದಿನಗೂಲಿಯವರ ಹಾಜರಿ ಪಟ್ಟಿ) ಕೇಳಿದ್ರೆ ಮಳೆಗೆ ನೆಂದು ಹಾಳಾಗಿದೆ ಅಂದ್ರು. ನಮ್ಮ ಕೊಡಗಿನ ಕಕ್ಕಡ ತಿಂಗಳ ಮಳೆ ನೋಡಿದವ್ರು ಇದನ್ನ ನಂಬ್ತಾರೆ ಬಿಡಿ, ಆದ್ರೆ ಪಂಪ್ ಹೌಸಲ್ಲಿ ಲಾಗ್ ಬುಕ್ ಅಂತ ಒಂದು ಇರುತ್ತಲ್ಲ, ಮೋಟರ್ ಎಷ್ಟು ಗಂಟೆಗೆ ಆನ್, ಎಷ್ಟಕ್ಕೆ ಆಫ್, ಕರೆಂಟ್ ಯಾವಾಗ ಹೋಯ್ತು, ಎಷ್ಟು ಬ್ಲೀಚಿಂಗ್ ಹಾಕಿದ್ದು, ಪಕ್ಕದಲ್ಲಿ ಡ್ಯೂಟಿಲಿ ಇದ್ದವನ ಸಹಿ, ತಿಂಗಳಿಗೊಮ್ಮೆ ಇಂಜಿನಿಯರ್ ಸಹಿ. ವರ್ಷಗಟ್ಟಲೆ ನನ್ನ ಸಹಿ ಅದರಲ್ಲಿ ಇತ್ತು. ಅದರ ದೃಢೀಕೃತ ಪ್ರತಿನ ಆರ್‌ಟಿಐಲಿ (ಮಾಹಿತಿ ಹಕ್ಕು ಅರ್ಜಿ ಹಾಕಿ) ತಗೊಂಡೆ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಲಿ ಒಂದೇ ವಿಷಯ, ಸಾಮಾನ್ಯವಾಗಿ 150 ಪದ ಮೀರಬಾರ್ದು, ಎಲ್ಲಾ ಒಂದ್ರಲ್ಲೇ ತುಂಬಿಸಿದ್ರೆ ವಾಪಸ್ ಬರುತ್ತೆ. ಹಾಗಾಗಿ ಲಾಗ್ ಬುಕ್ಕಿಗೆ ಒಂದು, ಕೂಲಿ ಪಾವತಿ ವೋಚರಿಗೆ ಒಂದು, ಮಂಜೂರಾದ ಹುದ್ದೆ ಎಷ್ಟು ಖಾಲಿ ಎಷ್ಟು ಅನ್ನೋದಕ್ಕೆ ಒಂದು, ಹೀಗೆ ಬೇರೆ ಬೇರೆ ಹಾಕಿ, ಒಂದೊಂದಕ್ಕೂ ಹತ್ತು ರೂಪಾಯಿ. 30 ದಿನದಲ್ಲಿ ಉತ್ತರ ಬರ್ಲಿಲ್ಲ ಅಂದ್ರೆ ಮೇಲ್ಮನವಿ ಹಾಕಿ, ಸುಮ್ನೆ ಕೂರ್ಬೇಡಿ. ಖಾಲಿ ಹುದ್ದೆ ಪಟ್ಟಿ ಲಾಗ್ ಬುಕ್ಕಿನಷ್ಟೇ ಮುಖ್ಯ, ಹುದ್ದೇನೇ ಇಲ್ಲ ಅಂತ ಅವ್ರು ಆಕ್ಷೇಪಣೆ ಹಾಕಿದಾಗ ಅವರದೇ ಪತ್ರ ತೋರಿಸ್ಬೇಕಲ್ಲ.

ಮಧ್ಯದಲ್ಲಿ ನಮ್ಮನ್ನೆಲ್ಲಾ ಹೊರಗುತ್ತಿಗೆ ಏಜೆನ್ಸಿಗೆ ಸೇರಿಸ್ತೀವಿ, ಪಿಎಫ್ ಸಿಗುತ್ತೆ, ಸಹಿ ಹಾಕಿ ಅಂದ್ರು. ಕೆಲವರು ಹಾಕಿದ್ರು, ಮನೆ ನಡೀಬೇಕಲ್ವಾ, ಅವರನ್ನ ನಾನು ಏನೂ ಅನ್ನಲ್ಲ. ನಾನು ಹಾಕ್ಲಿಲ್ಲ, ವಕೀಲರನ್ನ ಕೇಳ್ದೆ ಯಾವ್ದಕ್ಕೂ ಸಹಿ ಇಲ್ಲ ಅಂದೆ. ಹಾಕಿದವ್ರೂ ಕೈ ಬಿಡ್ಬೇಡಿ, 2024 ಡಿಸೆಂಬರ್‌ನಲ್ಲಿ ಜಗ್ಗೋ ಅನ್ನೋರ ಕೇಸಿನ ತೀರ್ಪಲ್ಲಿ ಕೇಂದ್ರ ಜಲ ಆಯೋಗದ ಸಫಾಯಿ ಕೆಲಸದವರು, ಮಾಲಿಯವರ ಪರ ಸುಪ್ರೀಂ ಕೋರ್ಟ್ ಆದೇಶ ಮಾಡಿದೆ, ನಿತ್ಯದ ಕೆಲಸವನ್ನ ಹೊರಗುತ್ತಿಗೆಗೆ ಕೊಟ್ಟು ಹೊಣೆ ತಪ್ಪಿಸ್ಕೊಳ್ಳೋದು ಸರಿಯಲ್ಲ, ಉಮಾದೇವಿ ತೀರ್ಪನ್ನ ದುಡಿದವರ ವಿರುದ್ಧ ಬಳಸ್ಬೇಡಿ ಅಂತ ಹೇಳಿದೆ. ನಿಮ್ಮ ವಕೀಲರಿಗೆ ಇದನ್ನ ತೋರಿಸಿ.

ಹೈಕೋರ್ಟ್ ಹಿಂಬರಹ ರದ್ದು ಮಾಡಿ ಮತ್ತೆ ಪರಿಗಣಿಸಿ ಅಂತ ಗಡುವು ಕೊಡ್ತು, ಗಡುವು ದಾಟಿದ ಮೇಲೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಿದ್ವಿ, ಆಗ ಖಾಯಂ ಮಾಡಿದ ಆದೇಶ ಬಂತು. ಸೇವಾ ಪುಸ್ತಕ ತೆರೆದಿದ್ದಾರೆ. ಪಿಂಚಣಿಗೆ 1994ರಿಂದ ಲೆಕ್ಕ ಹಿಡೀಬೇಕು ಅನ್ನೋ ಅರ್ಜಿ ಇನ್ನೂ ನಡೀತಾ ಉಂಟು, ಅದಕ್ಕೂ ಅದೇ ಲಾಗ್ ಬುಕ್ ಪ್ರತಿಗಳನ್ನೇ ಕೊಟ್ಟಿದ್ದೀವಿ.