ಉಲಿಗಲ್ಲನ್ನು ನಾನು ಕಲ್ಪಿಸಿದ ಬಗೆ

ಮಾಂತ್ರಿಕ ಖನಿಜವೊಂದನ್ನು ಕಲ್ಪಿಸಿಕೊಳ್ಳುವವರು ಸಾಮಾನ್ಯವಾಗಿ ಅದರ ಶಕ್ತಿಯಿಂದ ಆರಂಭಿಸುತ್ತಾರೆ. ನಾನು ಬರೆಯುತ್ತಿರುವ ಕಾದಂಬರಿಯ ಬೆಣಚೂರು ಸೀಮೆಯಲ್ಲಿ ಸಿಗುವ ಉಲಿಗಲ್ಲನ್ನು ನಾನು ಅದಿರಿನಿಂದ ಆರಂಭಿಸಿದೆ. ಅದು ಯಾವ ಬಂಡೆಯ ನಡುವೆ ಇರುತ್ತದೆ, ಎಷ್ಟು ಆಳದಲ್ಲಿರುತ್ತದೆ, ಒಂದು ಗಾಡಿ ಕಲ್ಲನ್ನು ಅರೆದರೆ ಎಷ್ಟು ಸಿಗುತ್ತದೆ, ಅರೆದು ಉಳಿದ ಪುಡಿಯನ್ನು ಎಲ್ಲಿ ಸುರಿಯುತ್ತಾರೆ ಎಂಬುದನ್ನೆಲ್ಲ ಮೊದಲು ಬರೆದಿಟ್ಟುಕೊಂಡೆ. ಕೋಲಾರ ಜಿಲ್ಲೆಯ ಚಿನ್ನದ ಗಣಿ ಪ್ರದೇಶವಾದ ಕೆಜಿಎಫ್‌ನ ರಾಬರ್ಟ್‌ಸನ್‌ಪೇಟೆಯಲ್ಲಿ ಬೆಳೆದವನಿಗೆ ಈ ಪ್ರಶ್ನೆಗಳನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ.

ಉಲಿಗಲ್ಲು ತನ್ನ ಬಳಿ ಆಡಿದ ಮಾತನ್ನು ಹಿಡಿದಿಟ್ಟುಕೊಳ್ಳುತ್ತದೆ. ಉಜ್ಜಿದಾಗ ಒಂದೇ ಒಂದು ಸಲ ಅದನ್ನು ಹೊರಬಿಡುತ್ತದೆ. ಆಮೇಲೆ ಬರೀ ಕಲ್ಲಾಗುತ್ತದೆ. ಈ ಗುಣ ನನಗೆ ಹೊಳೆದದ್ದು ಬೆಣಚುಕಲ್ಲಿನಿಂದ. ಕೋಣೆಯ ಬಾಗಿಲು ಕಿಟಕಿಗಳನ್ನು ಮುಚ್ಚಿ, ಕಣ್ಣು ಕತ್ತಲೆಗೆ ಒಗ್ಗುವವರೆಗೆ ಕಾದು, ಎರಡು ಬಿಳಿ ಬೆಣಚುಕಲ್ಲುಗಳನ್ನು ಒತ್ತಿ ತಿಕ್ಕಿದರೆ, ತಿಕ್ಕಿದ ಜಾಗದಲ್ಲಿ ಕಿಡಿ ಹಾರುವುದರ ಬದಲು ಕಲ್ಲಿನ ಒಡಲೇ ಒಂದು ಕ್ಷಣ ಮಂದವಾದ ಕಿತ್ತಳೆ ಬಣ್ಣಕ್ಕೆ ತಿರುಗಿ ಆರಿಹೋಗುತ್ತದೆ. ಸುಟ್ಟಂತಹ ಒಂದು ವಾಸನೆಯೂ ಮೂಗಿಗೆ ಬರುತ್ತದೆ. ನೀರಿನೊಳಗೆ ತಿಕ್ಕಿದರೂ ಬೆಳಕು ಕಾಣುತ್ತದೆ. ಇಷ್ಟು ಸಾಮಾನ್ಯವಾದ ಕಲ್ಲೇ ಇಂಥದ್ದನ್ನು ಮಾಡುವಾಗ, ಬೆಳಕಿನ ಜಾಗದಲ್ಲಿ ದನಿಯನ್ನು ಇಟ್ಟರೆ ಓದುಗರು ನಂಬುತ್ತಾರೆ ಎಂಬ ಧೈರ್ಯ ನನಗೆ ಬಂದಿತು.

ಕೆಜಿಎಫ್‌ನ ಚಿನ್ನವಿದ್ದದ್ದು ಕಪ್ಪು-ಹಸಿರು ಶಿಸ್ಟ್ ಎಂಬ ಪದರುಗಲ್ಲಿನ ಬಂಡೆಯ ನಡುವೆ ಹಾದುಹೋಗುವ ಬೆಣಚುಕಲ್ಲಿನ ಎಳೆಗಳಲ್ಲಿ. ಆ ಶಿಸ್ಟ್ ಪಟ್ಟಿ ಉತ್ತರ-ದಕ್ಷಿಣವಾಗಿ ಸುಮಾರು 80 ಕಿ.ಮೀ. ಉದ್ದವಿದ್ದರೂ ಅದರ ಅಗಲ ಕೆಲವೇ ಕಿಲೋಮೀಟರು. ಉಲಿಗಲ್ಲಿಗೂ ನಾನು ಇಂಥದ್ದೇ ಕಿರಿದಾದ ಪಟ್ಟಿಯನ್ನು ಕೊಟ್ಟೆ. ಕೊಟ್ಟ ಕೂಡಲೇ ಕಥೆಯ ಅರ್ಧ ರಾಜಕೀಯ ತಾನಾಗಿ ಹುಟ್ಟಿತು: ಪಟ್ಟಿಯ ಎರಡೂ ಬದಿಯ ರಾಜ್ಯಗಳು ಶತ್ರುಗಳಾಗಲೇಬೇಕಾಯಿತು, ಪಟ್ಟಿಯ ಮೇಲೆಯೇ ಇರುವ ಹಳ್ಳಿಗಳಿಗೆ ಯಾವ ರಾಜನೂ ನೆಮ್ಮದಿ ಕೊಡದಂತಾಯಿತು. 1802ರಲ್ಲಿ ಜಾನ್ ವಾರನ್ ಎಂಬ ಬ್ರಿಟಿಷ್ ಸೇನಾಧಿಕಾರಿ ಇಲ್ಲಿಗೆ ಬಂದಾಗ, ಸುತ್ತಲ ಹಳ್ಳಿಗರು ಮಣ್ಣು ತೊಳೆದು ಚಿನ್ನದ ಕಣಗಳನ್ನು ತೆಗೆಯುತ್ತಿದ್ದರು. ನನ್ನ ಕಥೆಯಲ್ಲಿಯೂ ಉಲಿಗಲ್ಲನ್ನು ಮೊದಲು ಬಲ್ಲವರು ಹಳ್ಳಿಯ ಹೆಂಗಸರೇ. ಮಂತ್ರವಾದಿಗಳೂ ಅಧಿಕಾರಿಗಳೂ ಬಹಳ ತಡವಾಗಿ ಬರುತ್ತಾರೆ.

ನಾನು ಹೆಚ್ಚು ದಿನ ತೆಗೆದುಕೊಂಡದ್ದು ಆಳದ ವಿಷಯಕ್ಕೆ. ಕೆಜಿಎಫ್‌ನ ಚಾಂಪಿಯನ್ ರೀಫ್ ಗಣಿ 3 ಕಿ.ಮೀ.ಗೂ ಹೆಚ್ಚು ಆಳಕ್ಕೆ ಇಳಿದಿತ್ತು, ಅಲ್ಲಿ ಬಂಡೆಯ ಶಾಖ 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿತ್ತು. ಉಲಿಗಲ್ಲಿನ ಲೋಕದಲ್ಲಿ ಆಳಕ್ಕೆ ಹೋದಷ್ಟೂ ಹಳೆಯ ಕಾಲದ ದನಿಗಳು ಸಿಗುತ್ತವೆ ಎಂಬ ನಿಯಮವನ್ನು ಇದರ ಜೊತೆಗಿಟ್ಟೆ. ಸಿಂಹಾಸನದ ಹಕ್ಕು ಯಾರದೆಂದು ತೀರ್ಮಾನಿಸಬಲ್ಲ ಮೂಲಪುರುಷನ ಮಾತು ಅತ್ಯಂತ ಕೆಳಗಿನ ಪದರದಲ್ಲಿದೆ, ಆ ಮಾತು ಬೇಕಾದ ಅರಮನೆಯವರಿಗೆ ಅಲ್ಲಿ ಒಂದು ಗಳಿಗೆಯೂ ನಿಲ್ಲಲು ಆಗುವುದಿಲ್ಲ, ಹಾಗಾಗಿ ಇಳಿಯುವವರು ಬೇರೆಯವರೇ.

ಆಳದಲ್ಲಿ ಒತ್ತಡ ತಾಳಲಾರದೆ ಬಂಡೆ ಸಿಡಿಯುವುದು ಕೆಜಿಎಫ್ ಗಣಿಗಳ ದೊಡ್ಡ ಭಯವಾಗಿತ್ತು. ನಮ್ಮ ಬೀದಿಯ ನಿವೃತ್ತ ಗಣಿ ಕಾರ್ಮಿಕರೊಬ್ಬರನ್ನು ಈ ಬಗ್ಗೆ ಕೇಳಿದಾಗ, "ನೋಡಪ್ಪ, ಕೆಳಗೆ ಇರೋರಿಗೆ ಕಣ್ಣಿಗಿಂತ ಕಿವಿ ಮುಖ್ಯ. ಕಲ್ಲು ಒಳಗೊಳಗೇ ಸದ್ದು ಮಾಡೋಕೆ ಶುರು ಮಾಡಿದ್ರೆ ಸಾಮಾನು ಅಲ್ಲೇ ಬಿಟ್ಟು ಹೊರಡಬೇಕು" ಎಂದರು. ಉಲಿಗಲ್ಲಿನ ಗಣಿಯಲ್ಲಿ ಬಂಡೆ ಸಿಡಿಯುವ ಅಧ್ಯಾಯ ಪೂರ್ತಿಯಾಗಿ ಈ ಮಾತಿನ ಮೇಲೆ ನಿಂತಿದೆ. ಅಲ್ಲಿ ಸಿಡಿಯುವ ಮುನ್ನ ಸಾವಿರಾರು ವರ್ಷಗಳ ಪಿಸುಮಾತುಗಳು ಒಟ್ಟಿಗೆ ಏಳುತ್ತವೆ, ಅನುಭವಿಗಳು ಅದರ ಅರ್ಥಕ್ಕೆ ಕಿವಿಗೊಡದೆ ಓಡುತ್ತಾರೆ, ಹೊಸಬರು ಕೇಳುತ್ತಾ ನಿಂತುಬಿಡುತ್ತಾರೆ.

ಅದಿರಿನ ಸತ್ವವನ್ನೂ ಬೇಕೆಂದೇ ಕಡಿಮೆ ಮಾಡುತ್ತಾ ಹೋದೆ. ಮೊದಲ ತಲೆಮಾರಿಗೆ ಒಂದು ಬುಟ್ಟಿ ಕಲ್ಲಿನಲ್ಲಿ ಒಂದು ಪೂರ್ತಿ ಸಂಭಾಷಣೆ ಸಿಗುತ್ತಿತ್ತು, ಮೂರನೆಯ ತಲೆಮಾರಿಗೆ ಒಂದು ಗಾಡಿ ಕಲ್ಲು ಅರೆದರೂ ಒಂದು ಶಬ್ದ ಸಿಕ್ಕರೆ ಪುಣ್ಯ. ಕೆಜಿಎಫ್‌ನಲ್ಲಿಯೂ ಕೊನೆಯ ವರ್ಷಗಳಲ್ಲಿ ಒಂದು ಟನ್ ಅದಿರಿಗೆ ಕೆಲವೇ ಗ್ರಾಂ ಚಿನ್ನ ದಕ್ಕುತ್ತಿತ್ತು, ಖರ್ಚು ಮೇಲಾಗಿ 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಯಾವ ಮಾಂತ್ರಿಕ ವಸ್ತುವೂ ಬೇಡಿದಷ್ಟು ಸಿಗಬಾರದು ಎಂಬುದು ನನ್ನ ಖಚಿತ ಅಭಿಪ್ರಾಯ.

ಈಗ ಬರೆಯುತ್ತಿರುವುದು ಪುಡಿಯ ದಿಬ್ಬಗಳ ಅಧ್ಯಾಯ. ಚಿನ್ನ ತೆಗೆದು ಉಳಿದ ಪುಡಿಯನ್ನು ಸುರಿದು ಬೆಳೆದ ನಮ್ಮೂರಿನ ಸೈನೈಡ್ ಗುಡ್ಡಗಳಿಂದ ಗಾಳಿಗೆ ಧೂಳು ಎದ್ದು ಮನೆಗಳಿಗೆ ನುಗ್ಗುವುದನ್ನು ಇಲ್ಲಿಯವರು ಬಲ್ಲರು. ಬೆಣಚೂರಿನಲ್ಲಿ ಆ ಧೂಳಿನೊಂದಿಗೆ ಒಡೆದ ಮಾತಿನ ಚೂರುಗಳೂ ಬರುತ್ತವೆ, ಅಲ್ಲಿನ ಮಕ್ಕಳು ತಮಗೆ ಯಾರೂ ಕಲಿಸದ ಹೆಸರುಗಳನ್ನು ಕೂಗುತ್ತಾರೆ. ಆ ದಿಬ್ಬಗಳನ್ನು ಮತ್ತೊಮ್ಮೆ ಅರೆದು ಉಳಿದದ್ದನ್ನೂ ತೆಗೆಯಲು ರಾಜನ ಅಧಿಕಾರಿಗಳು ಬಂಡಿಗಳೊಡನೆ ಬಂದಾಗ, ಈ ಚೂರುಗಳು ತಮ್ಮ ಹಿರಿಯರವು ಎಂದು ಊರಿನವರು ಅಡ್ಡ ನಿಲ್ಲುತ್ತಾರೆ. ಅವರ ವಾದವನ್ನು ಯಾವ ಸಭೆ ಕೇಳುತ್ತದೆ, ಯಾವ ಕಾನೂನಿನ ಪ್ರಕಾರ ಕೇಳುತ್ತದೆ ಎಂಬುದನ್ನು ಮುಂದಿನ ಪುಟಗಳಿಗೆ ಮೊದಲು ತೀರ್ಮಾನಿಸಬೇಕಾಗಿದೆ.